ಪಕ್ಕದಲ್ಲಿ ಅಜ್ಜಿ ಕೂತಿದ್ರೆ

ಮೊದಲು ಒಂದು ಪದದ ಜಗಳ ಮುಗಿಸಿಕೊಳ್ಳೋಣ. ಸಿನಿಮಾ ನೋಡಿ ಹೊರಗೆ ಬಂದು "ಬರೀ ಡಬಲ್ ಮೀನಿಂಗ್ ಮಾರಾಯ" ಅಂತೀವಲ್ಲ, ಆ ಮಾತೇ ಸರಿಯಿಲ್ಲ. ಅಲ್ಲಿರೋದು ಒಂದೇ ಮೀನಿಂಗ್. ನಾಯಕ ಸಂತೆಯಲ್ಲಿ ನಿಂತು ತರಕಾರಿ ಬಗ್ಗೆ ಮಾತಾಡ್ತಾನೆ. ಆದರೆ ತರಕಾರಿ ಬಗ್ಗೆ ಅವನಿಗಾಗಲಿ, ಸಂಭಾಷಣೆ ಬರೆದವರಿಗಾಗಲಿ, ಟಿಕೆಟ್ ತಗೊಂಡು ಕೂತ ನಮಗಾಗಲಿ ಎಳ್ಳಷ್ಟೂ ಆಸಕ್ತಿ ಇರೋದಿಲ್ಲ. ನಮ್ಮ ಹಳೇ ಅಲಂಕಾರಶಾಸ್ತ್ರದಲ್ಲಿ ಶ್ಲೇಷೆ ಅಂತ ಒಂದಿದೆ. ಅದರಲ್ಲಿ ಎರಡೂ ಅರ್ಥಗಳು ತಮ್ಮ ಕಾಲ ಮೇಲೆ ತಾವು ನಿಲ್ಲಬೇಕು. ಪುರಂದರದಾಸರು ರಾಗಿಯನ್ನು ಭಿಕ್ಷೆ ಕೇಳುತ್ತಲೇ ಹೇಗೆ ಬದುಕಬೇಕು ಅಂತ ಹೇಳಿದ ಕೀರ್ತನೆ ನೆನಪಿಸಿಕೊಳ್ಳಿ. ಅಲ್ಲಿ ರಾಗಿ ನಿಜವಾದ ರಾಗಿಯೂ ಹೌದು, ಉಪದೇಶವೂ ಹೌದು. ನಿಜವಾದ ಡಬಲ್ ಮೀನಿಂಗ್ ಅಂದರೆ ಅದು. ಸಿನಿಮಾದ ತರಕಾರಿ ಬರೀ ಪರದೆ. ಅದನ್ನ ಸರಿಸಿದರೆ ಹಿಂದೆ ಇರೋದು ಹೈಸ್ಕೂಲಿನ ಮೂತ್ರಾಲಯದ ಗೋಡೆ ಮೇಲೆ ನಾವೆಲ್ಲ ಓದಿದ್ದೇ.

ಹಾಗಾದರೆ ಇದನ್ನ ತೆಗೆದುಹಾಕಿದರೆ ಕಾಮಿಡಿ ಉಳಿಯುತ್ತಾ? ಈ ಪ್ರಶ್ನೆಗೆ ಸಾಮಾನ್ಯವಾಗಿ ಎರಡು ಉತ್ತರ ಬರುತ್ತವೆ. ಒಂದು, "ಕಾಲ ಕೆಟ್ಟೋಯ್ತು, ಸಂಸ್ಕೃತಿ ಹಾಳಾಯ್ತು" ಅನ್ನೋದು. ಇನ್ನೊಂದು, "ಅದನ್ನೆಲ್ಲ ತೆಗೆದರೆ ನೀತಿಬೋಧೆ ಪೀರಿಯಡ್ ಆಗುತ್ತೆ, ಯಾರು ನೋಡ್ತಾರೆ" ಅನ್ನೋದು. ನನಗೆ ಎರಡೂ ಸೋಮಾರಿತನದ ಉತ್ತರ ಅನ್ನಿಸುತ್ತೆ. ಹೊಲಸಿಲ್ಲದ ಹಾಸ್ಯ ಹೇಗಿರುತ್ತೆ ಅಂತ ಕಲ್ಪನೆ ಮಾಡಿಕೊಳ್ಳೋಕೆ ನಾವು ಕಷ್ಟಪಡಬೇಕಾಗಿಯೇ ಇಲ್ಲ. ಅದು ನಮ್ಮ ಊರಿನ ಗದ್ದೆಯಲ್ಲೇ ನಡೀತಾ ಇತ್ತು. ಕೆಟ್ಟಿದ್ದೂ ಅಲ್ಲೇ. ಹಾಗಾಗಿ ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಬಹುದು.

ನಮ್ಮೂರು ಶೆಟ್ಟಿಕೊಪ್ಪ. ಕೊಪ್ಪಕ್ಕೂ ನರಸಿಂಹರಾಜಪುರಕ್ಕೂ ನಡುವೆ, ಅಡಿಕೆ ತೋಟ, ರಬ್ಬರ್ ತೋಟಗಳ ಮಧ್ಯೆ ಇರೋ ಊರು. ಬಸ್‌ಸ್ಟ್ಯಾಂಡಲ್ಲಿ ಹತ್ತು ನಿಮಿಷ ನಿಂತರೆ ಕನ್ನಡ, ತುಳು, ಮಲಯಾಳಂ, ಕೊಂಕಣಿ ಎಲ್ಲ ಕಿವಿಗೆ ಬೀಳುತ್ತೆ. ಕೊಯ್ಲು ಮುಗಿದ ಮೇಲೆ ಕರಾವಳಿಯ ಮೇಳಗಳು ಘಟ್ಟ ಹತ್ತಿ ಬಂದು ನಮ್ಮ ಕಡೆ ಆಟ ಆಡುತ್ತವೆ. ಮಂದಾರ್ತಿ ಮೇಳದ ಹರಕೆ ಆಟ ಅಂದರೆ ಮಲೆನಾಡಿನ ಎಷ್ಟೋ ಮನೆಗಳಿಗೆ ಅದು ಮನರಂಜನೆ ಅಲ್ಲ, ದೇವರ ಸೇವೆ. ರಾತ್ರಿ ಶುರುವಾದರೆ ಬೆಳಗಿನವರೆಗೆ. ಗದ್ದೆಯಲ್ಲಿ ಚಾಪೆ, ಕಂಬಳಿ ಹಾಸಿಕೊಂಡು ಅಜ್ಜಿ, ಸೊಸೆ, ಮೊಮ್ಮಗು, ತೋಟದ ಯಜಮಾನ, ತೋಟದ ಆಳು, ಮೇಷ್ಟ್ರು, ಹಿಂದುಗಡೆ ಒಂಚೂರು ಹಾಕ್ಕೊಂಡು ಬಂದ ಗಂಡಸರು, ಎಲ್ಲರೂ ಒಂದೇ ಕಡೆ. ಚಾಪೆ ಚಾಪೆಗಳ ನಡುವೆ ಜಾತಿಯ ಅಂತರ ಇರ್ತಿತ್ತು, ಇಲ್ಲ ಅನ್ನಲ್ಲ. ಆದರೆ ರಂಗಸ್ಥಳದಿಂದ ಬರೋ ಮಾತು ಎಲ್ಲ ಚಾಪೆಗೂ ಒಂದೇ ಸಲ ತಲುಪುತ್ತಿತ್ತು.

ಈಗ ಹಾಸ್ಯಗಾರನ ಕಷ್ಟ ಯೋಚನೆ ಮಾಡಿ. ಅವನಿಗೆ ಬರೆದುಕೊಟ್ಟ ಸಂಭಾಷಣೆ ಇಲ್ಲ. ಭಾಗವತರು ಹಾಡುವ ಪದ್ಯ ಇದೆ, ಕತೆ ಇದೆ, ಅಷ್ಟೇ. ಉಳಿದ ಮಾತೆಲ್ಲ ಅವನೇ ಅಲ್ಲೇ ಕಟ್ಟಬೇಕು. ರಾಜರು, ಋಷಿಗಳು ಗ್ರಾಂಥಿಕ ಕನ್ನಡ ಮಾತಾಡ್ತಾರೆ, ಅವನೊಬ್ಬ ಊರ ಕನ್ನಡ ಮಾತಾಡ್ತಾನೆ. ಹಾಗಾಗಿ ಪುರಾಣದ ಒಳಗೂ ಹೊರಗೂ ಓಡಾಡೋಕೆ ಅವನಿಗೆ ಲೈಸೆನ್ಸ್ ಇದೆ. ಅಯೋಧ್ಯೆಯಲ್ಲಿ ನಿಂತುಕೊಂಡು ಅಡಿಕೆ ರೇಟು ಕೇಳಬಹುದು, ಯಾರೂ ಬೇಡ ಅನ್ನಲ್ಲ. ಇಷ್ಟು ಸ್ವಾತಂತ್ರ್ಯ ಇರೋನಿಗೆ ಸುಲಭದ ದಾರಿ ಸದಾ ತೆರೆದೇ ಇರುತ್ತೆ. ಸೊಂಟದ ಕೆಳಗಿನ ಒಂದು ಮಾತು ಬಿಟ್ಟರೆ ಸಾಕು, ಹಿಂದುಗಡೆಯಿಂದ ಸಿಳ್ಳೆ ಗ್ಯಾರಂಟಿ. ಕೆಲವರು ಆ ದಾರಿ ಹಿಡಿದಿದ್ದೂ ಇದೆ. ಆಗ ಮುಂದಿನ ಚಾಪೆಯ ಅಜ್ಜಿ ಎಲೆಅಡಿಕೆ ಚೀಲದೊಳಗೆ ಏನೋ ಹುಡುಕೋಕೆ ಶುರು ಮಾಡ್ತಾರೆ. ಸೊಸೆ ಮಲಗಿರೋ ಮಗುವಿನ ಕಂಬಳಿಯನ್ನ ಮತ್ತೆ ಸರಿ ಮಾಡ್ತಾಳೆ.

ಒಂದು ಪಾತ್ರ ತಗೊಂಡು ನೋಡೋಣ. ನಳದಮಯಂತಿ ಕತೆಯ ಬಾಹುಕ. ಕಾರ್ಕೋಟಕ ಕಚ್ಚಿ ನಳ ಚಕ್ರವರ್ತಿಯ ರೂಪ ಕೆಟ್ಟಿದೆ. ಗುರುತು ಮರೆಸಿಕೊಂಡು ಅಯೋಧ್ಯೆಯ ಋತುಪರ್ಣನ ಹತ್ತಿರ ಸಾರಥಿಯಾಗಿದ್ದಾನೆ. ಗಂಡನನ್ನ ಹುಡುಕಿ ತೆಗೆಯೋಕೆ ದಮಯಂತಿ ಒಂದು ಉಪಾಯ ಮಾಡಿ, ತನಗೆ ಮತ್ತೆ ಸ್ವಯಂವರ ಅಂತ ಋತುಪರ್ಣನಿಗೆ ಸುದ್ದಿ ಮುಟ್ಟಿಸ್ತಾಳೆ. ಋತುಪರ್ಣ ಮದುವೆ ಹುರುಪಲ್ಲಿ ರಥ ಹತ್ತುತ್ತಾನೆ. ರಥ ಹೊಡೆಯೋನು ಬಾಹುಕ. ಅಂದರೆ ತನ್ನ ಹೆಂಡತಿಯ ಸ್ವಯಂವರಕ್ಕೆ ಇನ್ನೊಬ್ಬ ಗಂಡಸನ್ನ ತಾನೇ ಕರಕೊಂಡು ಹೋಗಬೇಕು, ಅದೂ ಬೇಗ! ಈ ಬಾಹುಕನ ವೇಷ ಸಾಮಾನ್ಯವಾಗಿ ಹಾಸ್ಯಗಾರನ ಪಾಲಿಗೆ ಬರುತ್ತೆ.

ಇಲ್ಲಿ ನಗಿಸೋಕೆ ಎರಡು ದಾರಿ ಇವೆ. ಮೊದಲನೇದು, ಬಾಹುಕನ ಗೂನು, ಕುಳ್ಳು ಕಾಲು, ವಿಕಾರ ಮುಖ. ಸೊಟ್ಟಗೆ ನಡೆದು ತೋರಿಸಿ, ದಮಯಂತಿಯ ಬಗ್ಗೆ ಒಂದೆರಡು ಪೋಲಿ ಮಾತು ಸೇರಿಸಿದರೆ ಹತ್ತು ನಿಮಿಷ ಆರಾಮಾಗಿ ಹೋಗುತ್ತೆ. ಎರಡನೇದು, ಋತುಪರ್ಣನ ಹುರುಪಿಗೆ ಬಾಹುಕ ಕೊಡುವ ಉತ್ತರಗಳು. ಮದುಮಗನ ಉಡುಪು ಚೆನ್ನಾಗಿದೆಯಾ ಅಂತ ರಾಜ ಕೇಳಿದರೆ ಸಾರಥಿ ಏನಂತ ಹೇಳಬೇಕು? ಹುಡುಗಿ ಗುಣ ಹೇಗಂತೆ ಅಂತ ಕೇಳಿದರೆ? ಮೊದಲನೇ ಗಂಡ ಎಂಥವನಂತೆ ಅಂತ ಕೇಳಿದರೆ? ಇಲ್ಲಿ ಬಾಹುಕನ ಒಂದೊಂದು ಮಾತಿಗೂ ಎರಡರ್ಥ ಇದೆ, ಎರಡೂ ನಿಜವಾದ ಅರ್ಥವೇ. ಋತುಪರ್ಣನಿಗೆ ಒಂದು ಕೇಳುತ್ತೆ, ಚಾಪೆ ಮೇಲೆ ಕೂತವರಿಗೆ ಇನ್ನೊಂದು. ಜನ ಹೊಟ್ಟೆ ಹಿಡಕೊಂಡು ನಗ್ತಾರೆ. ಹಾಗೆ ನಗ್ತಾ ಇರೋವಾಗಲೇ ಈ ಮನುಷ್ಯನ ಹೊಟ್ಟೆಯೊಳಗೆ ಏನಾಗ್ತಿರಬಹುದು ಅಂತ ಅನ್ನಿಸಿಬಿಡುತ್ತೆ.

ಅದೇ ವೇಷ, ಅದೇ ಪದ್ಯ, ಅದೇ ಗದ್ದೆ. ಮೊದಲನೇ ದಾರಿಯಲ್ಲಿ ಬಾಹುಕ ಒಂದು ಗೂನು ಮಾತ್ರ. ಎರಡನೇದರಲ್ಲಿ ಅವನು ನಳ.

ಭೀಷ್ಮ ವಿಜಯ ಪ್ರಸಂಗದಲ್ಲಿ ಅಂಬೆಯನ್ನ ಸಾಳ್ವನ ಹತ್ತಿರ ಕರಕೊಂಡು ಹೋಗುವ ಮುದುಕ ಬ್ರಾಹ್ಮಣನ ಪಾತ್ರವೂ ಹಾಸ್ಯದ್ದೇ. ಅಲ್ಲೂ ಹೀಗೇ. ಮುದುಕ, ಹರೆಯದ ಹುಡುಗಿ, ಕಾಡುದಾರಿ. ಪೋಲಿ ಹಾಸ್ಯಕ್ಕೆ ಇದಕ್ಕಿಂತ ಸುಲಭದ ಸಾಮಗ್ರಿ ಸಿಗಲ್ಲ. ಆದರೆ ಆ ಅಜ್ಜನನ್ನ ಬರೀ ಅಜ್ಜನನ್ನಾಗಿ ಮಾಡಿದರೆ ಸಾಕು. ಕಾಲುನೋವು, ಹಸಿವು, ದಾರಿಯುದ್ದಕ್ಕೂ ನಿಲ್ಲದ ಹರಟೆ, ಹುಡುಗಿ ಬೇಗ ನಡೀತಾಳೆ ಅನ್ನೋ ಗೊಣಗಾಟ. ಆಮೇಲೆ ಸಾಳ್ವ ಅವಳನ್ನ ಬೇಡ ಅಂತಾನಲ್ಲ, ಆಗ ಇಷ್ಟು ಹೊತ್ತು ವಟಗುಟ್ಟಿದ ಅಜ್ಜ ಸುಮ್ಮನಾದರೆ ಆ ಮೌನಕ್ಕೆ ಇರೋ ತೂಕವೇ ಬೇರೆ. ಪೋಲಿ ಮಾತಾಡಿದ ಅಜ್ಜ ಸುಮ್ಮನಾದರೆ ಜನ ಮುಂದಿನ ಪೋಲಿ ಮಾತಿಗೆ ಕಾಯ್ತಾರೆ ಅಷ್ಟೇ.

ನನ್ನ ಕಸುಬಿನ ಭಾಷೆಯಲ್ಲಿ ಹೇಳೋದಾದರೆ ಹೊಲಸು ಜೋಕ್ ಅಂದರೆ ಹಾರ್ಡ್‌ಕೋಡ್ ಮಾಡಿದ ಉತ್ತರ. ಇನ್‌ಪುಟ್ ಏನೇ ಇರಲಿ, ಔಟ್‌ಪುಟ್ ಅದೇ. ಬಾಹುಕನ ಬಾಯಿಗೂ ಹಾಕಬಹುದು, ಮುದುಕನ ಬಾಯಿಗೂ ಹಾಕಬಹುದು, ಸಿನಿಮಾದ ಕಾನ್‌ಸ್ಟೇಬಲ್ ಬಾಯಿಗೂ ಹಾಕಬಹುದು. ಟೆಸ್ಟ್ ಪಾಸಾಗುತ್ತೆ. ಆದರೆ ಪ್ರೋಗ್ರಾಂ ಬರೆದಂತಾಗಲಿಲ್ಲ. ಹಾಗಾಗಿ ಒಂದು ಜೋಕ್ ಚೆನ್ನಾಗಿದೆಯಾ ಅಂತ ನೋಡೋಕೆ ನಾನು ಬಳಸೋ ವಿಧಾನ ಸರಳ: ಅದನ್ನ ಕಿತ್ತು ಇನ್ನೊಂದು ಪಾತ್ರದ ಬಾಯಿಗೆ ಹಾಕಿ ನೋಡೋದು. ಅಷ್ಟೇ ನಗು ಬಂದರೆ ಅದು ಪಾತ್ರದಿಂದ ಹುಟ್ಟಿದ್ದಲ್ಲ, ಗೋಡೌನಿಂದ ತಂದಿದ್ದು.

ಈ ವಿಧಾನದಲ್ಲಿ 1990ರ 'ಗಣೇಶನ ಮದುವೆ' ನೋಡಿ. ಫಣಿ ರಾಮಚಂದ್ರ ನಿರ್ದೇಶನ, ಅನಂತನಾಗ್, ವಿನಯಾ ಪ್ರಸಾದ್. ಒಂದೇ ವಠಾರದಲ್ಲಿ ದಿನಾ ಕಿತ್ತಾಡೋ ಇಬ್ಬರು, ಒಬ್ಬರಿಗೊಬ್ಬರು ಯಾರು ಅಂತ ಗೊತ್ತಿಲ್ಲದೆ ಕಾಗದದಲ್ಲಿ ಪ್ರೀತಿ ಮಾಡ್ತಿದ್ದಾರೆ. ನಮಗೆ ಗೊತ್ತು, ಅವರಿಗೆ ಗೊತ್ತಿಲ್ಲ. ಬಾಹುಕನ ರಥದಲ್ಲಿ ಇದ್ದದ್ದೇ ಇಲ್ಲೂ ಇದೆ: ಪ್ರೇಕ್ಷಕನಿಗೆ ಗೊತ್ತಿರೋದು ಪಾತ್ರಕ್ಕೆ ಗೊತ್ತಿಲ್ಲ. ಆ ಜಗಳದ ಮಾತುಗಳನ್ನ ಬೇರೆ ಸಿನಿಮಾಕ್ಕೆ ಹಾಕಿದರೆ ಅವು ಬರೀ ಜಗಳದ ಮಾತುಗಳು, ಯಾರೂ ನಗಲ್ಲ. ಇವತ್ತಿಗೂ ಟಿವಿಯಲ್ಲಿ ಬಂದರೆ ಮನೆಮಂದಿ ರಿಮೋಟ್ ಮುಟ್ಟದೆ ಕೂರೋದು ಇದಕ್ಕೇ.

ಇನ್ನೂ ಸ್ವಾರಸ್ಯದ ಉದಾಹರಣೆ ನಿರ್ದೇಶಕ ವಿಜಯಪ್ರಸಾದ್ ಅವರದ್ದು. ನಮ್ಮ ತಲೆಮಾರಿನ ಬಹಳ ಜನ ಈಟಿವಿ ಕನ್ನಡದಲ್ಲಿ 'ಸಿಲ್ಲಿ ಲಲ್ಲಿ' ನೋಡಿಕೊಂಡೇ ಹೋಂವರ್ಕ್ ಮಾಡಿದವರು. ಸಮಾಜಸೇವಕಿ ಲಲಿತಾಂಬ, ಡಾಕ್ಟರ್ ವಿಠಲ್‌ರಾವ್. ಇವರು ಬಾಯಿ ತೆರೆಯೋ ಮೊದಲೇ ನಗು ಬರ್ತಿತ್ತು, ಯಾಕಂದರೆ ಇವರು ಏನು ಯೋಚನೆ ಮಾಡ್ತಾರೆ ಅಂತ ನಮಗೆ ಗೊತ್ತಿತ್ತು. ಅದೇ ವಿಜಯಪ್ರಸಾದ್ 2016ರಲ್ಲಿ 'ನೀರ್ ದೋಸೆ' ಮಾಡಿದರು, 2022ರಲ್ಲಿ 'ತೋತಾಪುರಿ' ಮಾಡಿದರು. ಎರಡರಲ್ಲೂ ಜಗ್ಗೇಶ್. ಎರಡೂ ದ್ವಂದ್ವಾರ್ಥದ ಸಂಭಾಷಣೆಗಾಗಿಯೇ ಸುದ್ದಿಯಾದವು. ಪ್ರತಿಭೆ ಕಮ್ಮಿಯಾಯ್ತು ಅಂತ ನಾನು ಒಪ್ಪಲ್ಲ. 'ನೀರ್ ದೋಸೆ'ಯಲ್ಲಿ ಹೆಣ ಸಾಗಿಸೋ ವ್ಯಾನಿನ ಡ್ರೈವರ್, ಮೈ ಮಾರಿಕೊಳ್ಳೋ ಹೆಣ್ಣು, ವಯಸ್ಸಾಗುತ್ತಾ ಒಂಟಿಯಾದವರು ಇದ್ದಾರೆ. ಇಂಥವರನ್ನ ಕನ್ನಡ ಸಿನಿಮಾ ಮನೆಯೊಳಗೆ ಕರೆದಿದ್ದೇ ಅಪರೂಪ. ಅವರ ದುಃಖ ನಿಜವಾದದ್ದು. ಬೇಜಾರೆಂದರೆ, ಆ ದುಃಖ ಇನ್ನೇನು ನಮ್ಮ ಹತ್ತಿರ ಬಂತು ಅನ್ನೋವಾಗ ಒಂದು ಗೋಡೌನ್ ಜೋಕ್ ಅಡ್ಡ ಬರುತ್ತೆ. ಬದಲಾಗಿದ್ದು ಬರೆಯೋ ಕೈ ಅಲ್ಲ, ಎದುರು ಕೂತವರು. ಸೀರಿಯಲ್ ಬರೆಯೋವಾಗ ನಡುಮನೆಯಲ್ಲಿ ಅಜ್ಜಿ ಕೂತಿರ್ತಾರೆ ಅಂತ ಗೊತ್ತಿರುತ್ತೆ. ಮಲ್ಟಿಪ್ಲೆಕ್ಸಿನ ಕತ್ತಲೆಯಲ್ಲಿ ಅಜ್ಜಿ ಇಲ್ಲ.

ನನ್ನ ಮುಖ್ಯ ಮಾತು ಇಲ್ಲೇ ಇದೆ. ಹೊಲಸು ಹಾಸ್ಯ ಹೆಚ್ಚಾಗಿರೋದು ಜನ ಕೆಟ್ಟಿದ್ದಾರೆ ಅಂತಲ್ಲ, ಜನ ಬೇರೆಬೇರೆ ಕೂತಿದ್ದಾರೆ ಅಂತ. ಚಾಪೆ ಹೋಗಿ ಇಯರ್‌ಫೋನ್ ಬಂದಿದೆ. ರೀಲ್ಸ್ ಮಾಡೋ ಹುಡುಗನಿಗೆ ತನ್ನ ಜೋಕ್ ಕೇಳಿ ಯಾರ ಮುಖ ಕೆಂಪಾಯ್ತು ಅಂತ ಕಾಣಿಸೋದಿಲ್ಲ, ಎಷ್ಟು ವ್ಯೂಸ್ ಬಂತು ಅಂತ ಮಾತ್ರ ಕಾಣಿಸುತ್ತೆ. ನಿಮ್ಮ ಫೋನ್ ನೋಡಿ. ಫ್ಯಾಮಿಲಿ ಗ್ರೂಪಿಗೆ ಒಂದು ಥರದ ಜೋಕ್, ಕಾಲೇಜ್ ಹುಡುಗರ ಗ್ರೂಪಿಗೆ ಇನ್ನೊಂದು ಥರದ್ದು. ಎರಡಕ್ಕೂ ಕಳಿಸಬಹುದಾದ ಜೋಕ್ ಕಳೆದ ತಿಂಗಳು ಎಷ್ಟು ಬಂದಿದ್ದವು?

ಆದರೆ ಫ್ಯಾಮಿಲಿ ಗ್ರೂಪಿನ ಜೋಕ್ ಅಂದ ತಕ್ಷಣ ಅದು ಶುದ್ಧ ಅಂದುಕೊಂಡರೆ ಅಲ್ಲೊಂದು ಹಳ್ಳ ಇದೆ. ಹಾಸ್ಯ ಸಂಜೆಗಳ ಅರ್ಧಕ್ಕರ್ಧ ಹಾಸ್ಯ ಹೆಂಡತಿಯ ಮೇಲೆ. ಅವಳು ದಪ್ಪ, ಅವಳಿಗೆ ಬುದ್ಧಿ ಇಲ್ಲ, ಅವಳ ಅಡುಗೆ ತಿಂದು ಆಸ್ಪತ್ರೆ ಸೇರಿದೆ. ಒಂದೂ ಅಶ್ಲೀಲ ಪದ ಇಲ್ಲ, ಎಲ್ಲ ಯು ಸರ್ಟಿಫಿಕೇಟ್. ಟಿವಿಯ ಕಾಮಿಡಿ ಶೋಗಳಲ್ಲಿ ಗಂಡಸರು ಸೀರೆ ಉಟ್ಟು ಬಂದರೆ ಸಾಕು, ಮಾತೇ ಬೇಡ. ಕಪ್ಪಗಿರೋರು, ಕುಳ್ಳಗಿರೋರು, ತೊದಲೋರು, ಇವರೆಲ್ಲ ಇವತ್ತಿಗೂ ರೆಡಿಮೇಡ್ ಜೋಕು. ಹಳ್ಳಿಯವರ ಕನ್ನಡ ಇನ್ನೊಂದು. ನಾನು ಬಿಇ ಓದೋಕೆ ಸೇರಿದಾಗ ನನ್ನ "ಎಂತ ಮಾರಾಯ"ವನ್ನ ಹಾಸ್ಟೆಲಿನಲ್ಲಿ ಒಂದು ವರ್ಷ ಅನುಕರಣೆ ಮಾಡಿದರು. ಕೆಟ್ಟ ಮಾತು ಒಂದೂ ಇರಲಿಲ್ಲ. ಆದರೂ ಎರಡನೇ ವರ್ಷಕ್ಕೆ ನಾನು ಫೋನಲ್ಲಿ ಅಮ್ಮನ ಹತ್ತಿರ ಮಾತಾಡೋಕೆ ಟೆರೇಸ್ ಮೇಲೆ ಹೋಗ್ತಿದ್ದೆ.

ಇದರ ಉಲ್ಟಾನೂ ನಿಜ. ನಮ್ಮ ಕಡೆ ಅಡಿಕೆ ಸುಲಿಯೋ ಕಾಲದಲ್ಲಿ ರಾತ್ರಿ ಜಗುಲಿ ಮೇಲೆ ಮೆಟ್ಟುಗತ್ತಿ ಇಟ್ಕೊಂಡು ಹೆಂಗಸರು, ಗಂಡಸರು ಸಾಲಾಗಿ ಕೂತು ಸುಲೀತಾರೆ. ಈಗ ಸುಮಾರು ಮನೆಗಳಿಗೆ ಮೆಷಿನ್ ಬಂದಿದೆ, ಆ ಮಾತು ಬೇರೆ. ನಿದ್ದೆ ಬರದಿರೋಕೆ ಅಲ್ಲಿ ನಡೆಯೋ ಮಾತಲ್ಲಿ ಬಸುರಿ, ಬಾಣಂತಿ, ಭೇದಿ, ಮೊದಲ ರಾತ್ರಿ ಎಲ್ಲ ಬರ್ತಿತ್ತು. ಅರವತ್ತು ದಾಟಿದ ಹೆಂಗಸರೇ ಮುಂದಾಳುಗಳು. ಪಟ್ಟಿ ಮಾಡಿದರೆ ಸೆನ್ಸಾರ್ ಬೋರ್ಡ್ ಬೆಚ್ಚಿ ಬೀಳುತ್ತೆ. ಆದರೂ ಅದು ಹೊಲಸು ಅಂತ ಅನ್ನಿಸಲಿಲ್ಲ, ಯಾಕೆಂದರೆ ಯಾರ ಬಗ್ಗೆ ತಮಾಷೆ ನಡೀತಿತ್ತೋ ಅವರು ಅಲ್ಲೇ ಕೂತಿರ್ತಿದ್ರು. ಕೈಯಲ್ಲಿ ಅಡಿಕೆ, ಬಾಯಲ್ಲಿ ಉತ್ತರ. ಎರಡು ನಿಮಿಷದಲ್ಲಿ ತಿರುಗಿ ಬೀಳ್ತಿತ್ತು. ಕಾಶೀನಾಥ್ ಅವರ 'ಅನುಭವ' (1984) ಬಗ್ಗೆ ಮಡಿವಂತರು ಎಷ್ಟೇ ಮೂಗು ಮುರಿದರೂ, ಏನೂ ತಿಳಿಯದ ಹುಡುಗ ಹುಡುಗಿಗೆ ಮದುವೆ ಮಾಡಿ ಬಾಗಿಲು ಹಾಕಿಕೊಳ್ಳೋ ನಮ್ಮ ಸಮಾಜದ ಕಡೆ ಆ ಸಿನಿಮಾದ ಬೆರಳಿತ್ತು. ಮೈಯ ಮಾತು ಬಂದ ಮಾತ್ರಕ್ಕೆ ಹಾಸ್ಯ ಕೊಳಕಾಗಲ್ಲ, ಬರದಿದ್ದ ಮಾತ್ರಕ್ಕೆ ಶುದ್ಧವೂ ಆಗಲ್ಲ.

ಹಾಗಾಗಿ ಅಜ್ಜಿ ಪಕ್ಕದಲ್ಲಿದ್ದಾರೆ ಅಂದುಕೊಳ್ಳೋದು ಅರ್ಧ ಪರೀಕ್ಷೆ ಮಾತ್ರ. ಉಳಿದರ್ಧ ಹೀಗೆ: ಯಾರನ್ನ ನೋಡಿ ನಗ್ತಿದ್ದೀವೋ ಅವರೂ ಅದೇ ಚಾಪೆ ಮೇಲೆ ಕೂತಿದ್ದಾರೆ ಅಂದುಕೊಂಡು ಬರೆಯೋಕಾಗುತ್ತಾ? ಗೂನುಬೆನ್ನಿನವನೊಬ್ಬ ಮುಂದೆ ಕೂತಿದ್ದರೂ ಬಾಹುಕನ ವೇಷ ಕಟ್ಟಿ ನಗಿಸೋಕಾಗುತ್ತಾ? ಆಗುತ್ತೆ, ಎರಡನೇ ದಾರಿಯಲ್ಲಿ. ಅಲ್ಲಿ ನಗು ಬೀಳೋದು ಗೂನಿನ ಮೇಲಲ್ಲ, ಎದುರಿಗಿರೋನು ಯಾರು ಅಂತ ಕಾಣದ ರಾಜನ ಮೇಲೆ. ಮುಂದೆ ಕೂತವನೂ ನಗ್ತಾನೆ. ಬಹುಶಃ ಎಲ್ಲರಿಗಿಂತ ಜೋರಾಗಿ, ಯಾಕೆಂದರೆ ಅಂಥ ರಾಜರನ್ನ ಅವನು ದಿನಾ ನೋಡಿರ್ತಾನೆ.

ಇದು ಗದ್ದೆಯಲ್ಲಷ್ಟೇ ಆಗೋ ಕೆಲಸ ಅಲ್ಲ. ನಮ್ಮದೇ ಜಿಲ್ಲೆಯ ಮೂಡಿಗೆರೆಯಲ್ಲಿ ತೋಟ ಮಾಡಿಕೊಂಡಿದ್ದ ತೇಜಸ್ವಿಯವರ 'ಕರ್ವಾಲೋ' (1980) ಓದಿದವರಿಗೆ ಮಂದಣ್ಣ ಗೊತ್ತು. ಊರಿನವರ ಪಾಲಿಗೆ ಅವನು ಕೆಲಸಕ್ಕೆ ಬಾರದವನು. ಸುಲಭದ ಲೇಖಕನಿಗೆ ಅವನೊಬ್ಬ ಪೆದ್ದ ಪಾತ್ರ ಆಗಿಬಿಡ್ತಿದ್ದ. ತೇಜಸ್ವಿ ಅವನಿಂದ ನಗಿಸ್ತಾರೆ, ಆದರೆ ಕಾಡನ್ನ ನೋಡೋ ಕಣ್ಣು ಅವನಿಗಿದೆ ಅಂತ ವಿಜ್ಞಾನಿ ಕರ್ವಾಲೋ ಬಾಯಲ್ಲೇ ಒಪ್ಪಿಸ್ತಾರೆ. ಕತೆ ಹೇಳೋ ರೈತ ಅತಿ ಹೆಚ್ಚು ನಗೆಪಾಟಲಾಗೋದು ತಾನೇ. ಅವರದೇ ಕತೆ ಆಧರಿಸಿ ಶಶಾಂಕ್ ಸೋಗಾಲ್ ನಿರ್ದೇಶಿಸಿದ 'ಡೇರ್‌ಡೆವಿಲ್ ಮುಸ್ತಾಫಾ' 2023ರಲ್ಲಿ ಬಂತು. ತೇಜಸ್ವಿಯವರ ಓದುಗರೇ ದುಡ್ಡು ಹಾಕಿ ಮಾಡಿದ ಸಿನಿಮಾ. ಕಾಲೇಜಿಗೆ ಒಬ್ಬ ಮುಸ್ಲಿಂ ಹುಡುಗ ಬರ್ತಾನೆ, ತರಗತಿ ಅವನ ಬಗ್ಗೆ ಇಲ್ಲದ ಕತೆಗಳನ್ನೆಲ್ಲ ಕಟ್ಟಿಕೊಳ್ಳುತ್ತೆ. ನಗು ಮುಸ್ತಾಫಾ ಮೇಲಲ್ಲ, ಕತೆ ಕಟ್ಟಿದವರ ಮೇಲೆ. ಅಂದರೆ ಹೆಚ್ಚುಕಮ್ಮಿ ನಮ್ಮ ಮೇಲೆ. ಆದರೂ ಜನ ಥಿಯೇಟರಿನಲ್ಲಿ ಕೂತು ನೋಡಿದರು, ಮನೆಯವರನ್ನೂ ಕರಕೊಂಡು ಹೋದರು.

ಇಂಥ ಹಾಸ್ಯಕ್ಕೆ ಬೇಕಾದ ಒಂದು ವಸ್ತು ಮಾತ್ರ ಈಗ ತುಟ್ಟಿ. ಅದು ಸಮಯ. ಬಾಹುಕನ ಉತ್ತರಕ್ಕೆ ನಗಬೇಕಾದರೆ ನಳ ಯಾರು, ಏನು ಕಳಕೊಂಡ ಅಂತ ಮೊದಲು ಗೊತ್ತಿರಬೇಕು. ವಿಠಲ್‌ರಾವ್ ಹುಬ್ಬು ಎತ್ತಿದರೆ ನಗಬೇಕಾದರೆ ಹತ್ತು ಎಪಿಸೋಡ್ ನೋಡಿರಬೇಕು. ಮೂವತ್ತು ಸೆಕೆಂಡಿನ ರೀಲಿಗೆ ಅಷ್ಟು ಪುರುಸೊತ್ತಿಲ್ಲ, ಅದಕ್ಕೆ ಮೊದಲೇ ಎಲ್ಲರಿಗೂ ಗೊತ್ತಿರೋ ಸಂಗತಿಯೇ ಬೇಕು. ಎಲ್ಲರಿಗೂ ಗೊತ್ತಿರೋದು ಎರಡೇ: ಮೈ ಮತ್ತು ಪೂರ್ವಗ್ರಹ. ಯಕ್ಷಗಾನಕ್ಕೂ ಕಾಲಮಿತಿ ಬಂದಿದೆ, ಮಧ್ಯರಾತ್ರಿಯೊಳಗೆ ಮಂಗಳ ಹಾಡಬೇಕು. ನಾಳೆ ಬೆಳಿಗ್ಗೆ ಎಲ್ಲರಿಗೂ ಕೆಲಸ ಇದೆ, ಅದನ್ನ ದೂರೋಕಾಗಲ್ಲ. ಆದರೆ ಇರೋ ಹೊತ್ತಿನಲ್ಲಿ ಹಾಸ್ಯಗಾರನಿಗೆ ಹತ್ತೇ ನಿಮಿಷ ಕೊಟ್ಟು, ನಗು ಬರಲಿಲ್ಲ ಅಂತ ಗೊಣಗಿದರೆ, ಅವನನ್ನ ಗೋಡೌನಿಗೆ ಕಳಿಸ್ತಿರೋರು ನಾವೇ.

ಹಾಗಾಗಿ ನಿಷೇಧ, ಸೆನ್ಸಾರ್, ಎಫ್‌ಐಆರ್, ಇವು ಯಾವುದರಲ್ಲೂ ನನಗೆ ನಂಬಿಕೆ ಇಲ್ಲ. ಹೊಲಸು ಜೋಕನ್ನ ಕಾನೂನಿಂದ ತೆಗೆದರೆ ಆ ಜಾಗಕ್ಕೆ ಹೆಂಡತಿ ಜೋಕ್ ಬಂದು ಕೂರುತ್ತೆ. ಅದರ ಬದಲು ನಮ್ಮ ಕೈಲಾಗೋ ಒಂದು ಕೆಲಸ ಇದೆ. ಊರಿಗೆ ಹೋದಾಗ ಒಂದು ಆಟ ಇದ್ದರೆ ಚೌಕಿಯಿಂದ ದೂರ ಬೈಕ್ ಮೇಲೆ ಕೂತು ನೋಡಬೇಡಿ, ಮನೆಯವರ ಜೊತೆ ಮುಂದೆ ಹೋಗಿ ಕೂತ್ಕೊಳ್ಳಿ. ಮನೆಯಲ್ಲಿ ಏನಾದರೂ ಕಾಮಿಡಿ ನೋಡೋವಾಗ ಇಯರ್‌ಫೋನ್ ತೆಗೆದು ನಡುಮನೆಯ ಟಿವಿಗೆ ಹಾಕಿ. ಅಜ್ಜಿ ಯಾವಾಗ ಎಲೆಅಡಿಕೆ ಚೀಲಕ್ಕೆ ಕೈ ಹಾಕ್ತಾರೆ ಗಮನಿಸಿ. ಹೆಂಡತಿ ಜೋಕ್ ಬಂದಾಗ ಅತ್ತಿಗೆ ಯಾಕೆ ಎದ್ದು ಅಡುಗೆಮನೆಗೆ ಹೋದರು ಅಂತಲೂ ಗಮನಿಸಿ. ಆಮೇಲೆ ಯಾವುದಾದರೂ ಒಂದು ಮಾತಿಗೆ ಅಜ್ಜಿ, ಅತ್ತಿಗೆ, ನೀವು, ಚಹಾ ಕುಡಿಯೋಕೆ ಬಂದ ತೋಟದ ಆಳು, ಎಲ್ಲರೂ ಒಟ್ಟಿಗೆ ನಕ್ಕರೆ ಅದನ್ನ ಬರೆದವರ ಹೆಸರು ಹುಡುಕಿ ನೆನಪಿಟ್ಟುಕೊಳ್ಳಿ. ಅವರ ಮುಂದಿನ ಸಿನಿಮಾಕ್ಕೆ ಮೊದಲ ದಿನವೇ ದುಡ್ಡು ಕೊಟ್ಟು ಹೋಗಿ.